ಗಂಡ ಬ್ಯಾರೆ ಊರಾಗ ಕೇಸ್ ಹಾಕಿದ್ರ ನಿಮ್ಮೂರ ಕೋರ್ಟಿಗೆ ತರಸೋದು ಹೆಂಗ

ಗೋಕಾಕದಾಗೋ ಜಮಖಂಡಿಯಾಗೋ ತವರಮನಿಯಾಗ ಇರೋ ಹೆಣ್ಮಗಳಿಗೆ ಬೆಂಗಳೂರಿನ ಫ್ಯಾಮಿಲಿ ಕೋರ್ಟಿಂದ ಡೈವೋರ್ಸ್ ಕೇಸಿನ ಸಮನ್ಸ್ ಬಂತಂದ್ರ ಮನಿಮಂದಿಗೆಲ್ಲ ಕೈಕಾಲ ಆಡೂದಿಲ್ಲ. ಪ್ರತಿ ತಾರೀಖಿಗೂ ರಾತ್ರಿ ಬಸ್ ಹತ್ತಬೇಕು, ಸಣ್ಣ ಕೂಸಿದ್ರ ಅದನ್ನೂ ಕಟಗೊಂಡು ಹೋಗ್ಬೇಕು, ಜೊತಿಗೆ ಅಪ್ಪನೋ ಅಣ್ಣನೋ ದುಡಿಮಿ ಬಿಟ್ಟು ಬರಬೇಕು. ಅಕ್ಕಾರ, ಕೇಸನ್ನ ನೀವಿರೋ ಊರಿಗೆ ವರ್ಗಾ ಮಾಡಸ್ಕೊಳ್ಳಾಕ ದಾರಿ ಐತ್ರಿ.

ಮೊದಲ ನೋಡಬೇಕಾದ್ದು ಎರಡೂ ಕೋರ್ಟ್ ಕರ್ನಾಟಕದಾಗ ಅದಾವೋ ಇಲ್ಲೋ ಅನ್ನೋದು. ಇದ್ರ ಹೈಕೋರ್ಟಿಗೆ ಸಿಪಿಸಿ (ಸಿವಿಲ್ ಪ್ರಕ್ರಿಯಾ ಸಂಹಿತೆ) 24ನೇ ಸೆಕ್ಷನ್ ಕೆಳಗ ಅರ್ಜಿ, ಸಿವಿಲ್ ಪಿಟಿಷನ್ ಅಂತಾರ ಅದಕ್ಕ. ಬೆಳಗಾವಿ, ಬಾಗಲಕೋಟೆ ಧಾರವಾಡ ಪೀಠಕ್ಕ ಬರ್ತಾವ, ಆದ್ರ ವಿಜಯಪುರ ಕಲಬುರಗಿ ಪೀಠಕ್ಕ ಬರ್ತೈತಿ, ಇದು ಭಾಳ ಮಂದಿಗೆ ಗೊತ್ತಿರಂಗಿಲ್ಲ. ಕೇಸ್ ನಡದಿದ್ದ ಊರು ಒಂದು ಪೀಠಕ್ಕ, ನಿಮ್ಮೂರು ಇನ್ನೊಂದು ಪೀಠಕ್ಕ ಬರ್ತಿದ್ರ ಅರ್ಜಿ ಎಲ್ಲಿ ಹಾಕೋದು ಅಂತ ಹೈಕೋರ್ಟ್ ವಕೀಲರ ಕಡೆ ಕೇಳಿ ಖಾತ್ರಿ ಮಾಡ್ಕೊಂಡ ಮುಂದ ಹೋಗ್ರಿ.

ಕೊಲ್ಹಾಪುರ, ಸಾಂಗ್ಲಿ, ಸೊಲ್ಲಾಪುರಕ್ಕ ಹೆಣ್ಣು ಕೊಡೋದು ತರೋದು ನಮ್ಮ ಕಡೆ ಮೊದಲಿಂದನೂ ಐತಿ, ಅಲ್ಲಿ ಕೇಸ್ ಬಿದ್ದಿದ್ರ ಧಾರವಾಡದಾಗ ಏನೂ ಆಗಂಗಿಲ್ಲ. ಒಂದು ರಾಜ್ಯದಿಂದ ಇನ್ನೊಂದು ರಾಜ್ಯಕ್ಕ ವರ್ಗಾ ಮಾಡೋ ಅಧಿಕಾರ ಸುಪ್ರೀಂ ಕೋರ್ಟಿಗೆ ಮಾತ್ರ, ಅದು ಸಿಪಿಸಿ 25, ಇದನ್ನ 2008ರಾಗ ದುರ್ಗೇಶ್ ಶರ್ಮಾ ಕೇಸಿನಾಗ ಸುಪ್ರೀಂ ಕೋರ್ಟೇ ಸ್ಪಷ್ಟ ಮಾಡೈತಿ. ದಿಲ್ಲಿ ಅಂದಕೂಡಲೇ ಎದಿ ಒಡಕೋಬ್ಯಾಡ್ರಿ. ಹೆಣ್ಮಕ್ಕಳಿಗೆ ಆದಾಯ ಎಷ್ಟ ಇದ್ರೂ ಪುಕ್ಕಟೆ ವಕೀಲರು ಸಿಗ್ತಾರ, 1987ರ ಕಾನೂನು ಸೇವೆಗಳ ಕಾಯ್ದೆಯಾಗ ಅದು ನಿಮ್ಮ ಹಕ್ಕು, ಸುಪ್ರೀಂ ಕೋರ್ಟ್ ಕೇಸಿಗೂ ಐತಿ. ನಿಮ್ಮ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರಕ್ಕ ಹೋಗ್ರಿ, ಇಲ್ಲಾಂದ್ರ 15100ಕ್ಕ ಫೋನ್ ಹಚ್ರಿ.

ಇನ್ನ ಅರ್ಜಿಯಾಗ ಏನ ಬರೀಬೇಕು. ‘ನನಗ ತ್ರಾಸ ಆಗ್ತೈತಿ’ ಅಂತ ಒಂದ ಸಾಲು ಬರದ್ರ ಸಾಲಂಗಿಲ್ರಿ, ಆ ತ್ರಾಸಿಗೆ ಕಾಗದ ಬೇಕು. ಕೂಸು ಸಾಲಿಗೆ ಹೋಗ್ತಿದ್ರ ಸಾಲಿಯ ಬೋನಫೈಡ್ ಸರ್ಟಿಫಿಕೇಟ್, ಅವ್ವ ಅಪ್ಪಗ ಆರಾಮಿಲ್ಲಂದ್ರ ದವಾಖಾನಿ ಚೀಟಿ, ನಿಮಗ ದುಡಿಮಿ ಇಲ್ಲಂದ್ರ ಅದು, ಕೋರ್ಟಿಗೆ ಎಷ್ಟು ಕಿಲೋಮೀಟರ್ ಆಗ್ತೈತಿ, ಜೊತಿಗೆ ಬರೋರು ಯಾರೂ ಇಲ್ಲಂದ್ರ ಅದು, ಬೆದರಿಕಿ ಹಾಕಿದ್ರ ಪೊಲೀಸ್ ಸ್ಟೇಷನ್ನಿಗೆ ಕೊಟ್ಟ ದೂರಿನ ಪ್ರತಿ, ಎಲ್ಲಾ ಜೋಡಸ್ರಿ. ಗಂಡ ಹಾಕಿದ ಅರ್ಜಿಯ ಪ್ರತಿ, ಸಮನ್ಸ್, ಆರ್ಡರ್ ಶೀಟು (ಪ್ರತಿ ತಾರೀಖಿಗೆ ಕೋರ್ಟ್ ಬರದ ಆದೇಶದ ಹಾಳಿ) ಬೇಕಬೇಕು. ನೀವಿರೋ ಊರಾಗೇ ಜೀವನಾಂಶದ ಕೇಸ್ ಹಾಕಾಕ ಬರ್ತೈತಿ, ಅದು ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ ಅಂದ್ರ ಬಿಎನ್‌ಎಸ್‌ಎಸ್ 144. ಅದು ಆಗಲೇ ನಡದಿದ್ರ ಗಟ್ಟಿ ಆಧಾರ ಆಗ್ತೈತಿ, ಯಾಕಂದ್ರ ಗಂಡ ಆ ಕೇಸಿಗೆ ಹೆಂಗೂ ಇಲ್ಲಿಗೆ ಬರೋದ ಐತಿ.

2022ರಾಗ ಎನ್‌ಸಿವಿ ಐಶ್ವರ್ಯಾ ಕೇಸಿನಾಗ ಸುಪ್ರೀಂ ಕೋರ್ಟ್ ಸಾಮಾನ್ಯವಾಗಿ ಹೆಂಡತಿಯ ಅನುಕೂಲ ನೋಡಬೇಕು ಅಂದೈತಿ. ಆದ್ರ 2006ರ ಅನಿಂದಿತಾ ದಾಸ್ ಕೇಸಿನಾಗ, ಹೆಣ್ಮಕ್ಕಳ ಮ್ಯಾಲಿನ ಈ ಸಡಿಲಿಕಿ ದುರುಪಯೋಗ ಆಗಾಕತ್ತೈತಿ, ಪ್ರತಿ ಅರ್ಜಿಯನ್ನ ಅದರದರ ಮ್ಯಾಲ ನೋಡಬೇಕು ಅಂತ ಹೇಳಿ, ವರ್ಗಾ ಮಾಡದ ಹೋಗಿ ಬರೋ ಖರ್ಚು ಗಂಡ ಕೊಡಬೇಕು ಅಂತ ಆದೇಶ ಮಾಡೈತಿ. ಅದಕ್ಕ ಸುಳ್ಳು ಸೇರಿಸಬ್ಯಾಡ್ರಿ, ಇದ್ದದ್ದನ್ನ ಪೂರಾ ಬರೀರಿ.

ಈಗ ಎಲ್ಲಾಕ್ಕಿಂತ ಮುಖ್ಯ ಮಾತು. ವರ್ಗಾ ಅರ್ಜಿ ಹಾಕಿದ ಕೂಡಲೇ ಅಲ್ಲಿ ಕೇಸ್ ನಿಲ್ಲಂಗಿಲ್ಲ! ಅರ್ಜಿ ಹಾಕೀವಲ್ಲ ಅಂತ ಮನಿಯಾಗ ಕುಂತ್ರ ಅಲ್ಲಿ ನಿಮ್ಮ ಗೈರುಹಾಜರಿಯಾಗ ಎಕ್ಸ್ ಪಾರ್ಟಿ ಆಗಿ ಡಿಕ್ರಿ ಬಂದು ಬಿಡ್ತೈತಿ, ಆಮ್ಯಾಲ ಅದನ್ನ ರದ್ದ ಮಾಡಸಾಕ 30 ದಿನದೊಳಗ ಇನ್ನೊಂದು ಅರ್ಜಿ, ಅದಕ್ಕ ಇನ್ನೊಂದು ಓಡಾಟ. ಅದಕ್ಕ ವರ್ಗಾ ಅರ್ಜಿ ಜೊತಿಗೇ ಸ್ಟೇ (ಅಲ್ಲಿನ ಕೇಸಿಗೆ ತಡೆ) ಅರ್ಜಿ ಹಾಕಸ್ರಿ, ಸ್ಟೇ ಸಿಗೋ ತನಕ ಅಲ್ಲಿ ಒಬ್ಬ ವಕೀಲರಿಗೆ ವಕಾಲತ್ತು ಕೊಟ್ಟು, ಮೇಲಿನ ಕೋರ್ಟಿನಾಗ ವರ್ಗಾ ಅರ್ಜಿ ಐತಿ ಅಂತ ಮೆಮೋ ಹಾಕಿ ಟೈಮ್ ಕೇಳಸ್ರಿ. ಹಿಂದೂ ವಿವಾಹ ಕಾಯ್ದೆಯ 24ನೇ ಸೆಕ್ಷನ್ನಿನಾಗ ಕೋರ್ಟ್ ಖರ್ಚು, ಮಧ್ಯಂತರ ಜೀವನಾಂಶ ಕೇಳಾಕೂ ಬರ್ತೈತಿ, ಬಿಡಬ್ಯಾಡ್ರಿ.

ನೀವೂ ಬ್ಯಾರೆ ಕಡೆ ಡೈವೋರ್ಸ್ ಕೇಸ್ ಹಾಕೀರಿ ಅಂದ್ರ ಅದೇ ಹಿಂದೂ ವಿವಾಹ ಕಾಯ್ದೆಯ 21ಎ ಸೆಕ್ಷನ್ ಪ್ರಕಾರ ಆಮ್ಯಾಲ ಹಾಕಿದ್ದು ಮೊದಲ ಹಾಕಿದ ಕೋರ್ಟಿಗೆ ಹೋಗ್ತೈತಿ, ಹಂಗಾಗಿ ಯಾರು ಯಾವ ತಾರೀಖಿಗೆ ಹಾಕ್ಯಾರ ಅಂತ ನೋಡ್ಕೊಂಡ ಹೆಜ್ಜಿ ಇಡ್ರಿ.

ಆದೇಶ ಆತು ಅಂದ್ರ ದೃಢೀಕೃತ ನಕಲು ತಗದು ಎರಡೂ ಕೋರ್ಟಿಗೆ ಮುಟ್ಟಸ್ರಿ, ಫೈಲ್ ತಾನಾಗೇ ಬರ್ತೈತಿ ಅಂತ ಕಾಯಬ್ಯಾಡ್ರಿ. ಇಲ್ಲಿಗೆ ಬಂದ ಮ್ಯಾಲ ಹೊಸ ಕೇಸ್ ನಂಬರ್ ಬೀಳ್ತೈತಿ, ಅದನ್ನ ಇ-ಕೋರ್ಟ್ಸ್ ಆ್ಯಪಿನಾಗ ಹೆಸರು ಹಾಕಿ ಹುಡುಕಿ ಬರಕೊಂಡು ಮೊದಲನೇ ತಾರೀಖಿಗೆ ನೀವೇ ಖುದ್ದ ಹಾಜರಾಗ್ರಿ.