ಬೋಳು ಕುಂಡ, ಉದ್ದ ಬಾಲ

ಕೆಲವು ವಾರದ ಹಿಂದೆ ತಂಗಿಯ ಮಗಳು ಹೆಮ್ಮೆಯಿಂದ ಕರೆದು ತನ್ನ ಟ್ರಾಡೆಸ್ಕಾಂಷಿಯಾ ತೋರಿಸಿದಳು, ಮನೆಯೊಳಗೆ ಕುಂಡದಲ್ಲಿ ಬೆಳೆಸುವ ಪಟ್ಟೆ ಎಲೆಯ ಬಳ್ಳಿ ಅದು. "ದೊಡ್ಡಮ್ಮ, ನೋಡಿ ಎಷ್ಟುದ್ದ ಬೆಳೆದಿದೆ!" ಬೆಳೆದಿತ್ತು, ಸುಳ್ಳಲ್ಲ. ನಾಲ್ಕು ಬಳ್ಳಿ ಕಪಾಟಿನಿಂದ ನೆಲದವರೆಗೆ ಇಳಿದಿದ್ದವು. ಆದರೆ ಕುಂಡದೊಳಗೆ ಇಣುಕಿದರೆ ಬರೀ ಮಣ್ಣು ಮತ್ತು ಒಣಕಲು ಕಡ್ಡಿ. ಎಲೆ ಅಂತ ಇದ್ದದ್ದು ತುದಿಯಲ್ಲಿ ಒಂದು ಹಿಡಿ, ಇಲಿ ಬಾಲಕ್ಕೆ ಕುಚ್ಚು ಕಟ್ಟಿದ ಹಾಗೆ. ಇದು ಬೆಳೆಸಿದ್ದಲ್ಲ ಕಣೇ, ಸುಮ್ನೆ ಹರಿಯಲು ಬಿಟ್ಟಿದ್ದು ಅಂದೆ. ಮುಖ ಊದಿಸಿಕೊಂಡಳು. ಅವಳೊಬ್ಬಳೇ ಅಲ್ಲ ಬಿಡಿ, ಟ್ರಾಡೆಸ್ಕಾಂಷಿಯಾ ಇಟ್ಟುಕೊಂಡ ಹುಡುಗ ಹುಡುಗಿಯರು ಬಹಳ ಜನ ಮಾಡುವುದು ಇದನ್ನೇ. ಕತ್ತರಿ ಹಾಕಲು ಮನಸ್ಸು ಬರಲ್ಲವಂತೆ.

ಬುಡದ ಎಲೆ ಒಣಗಿತು ಅಂದ ತಕ್ಷಣ ಚೊಂಬು ಹಿಡಿದು ಓಡಿ ಬರುತ್ತಾರೆ. ನೀರಿಗೂ ಅದಕ್ಕೂ ಸಂಬಂಧ ಕಡಿಮೆ. ವಯಸ್ಸಾದ ಎಲೆ ಉದುರುವುದೇ ಈ ಬಳ್ಳಿಯ ಸ್ವಭಾವ. ಅದರ ಮೇಲೆ ದಿನಾ ನೀರು ಸುರಿದರೆ ಕಡ್ಡಿ ಬುಡದಲ್ಲಿ ಮೆತ್ತಗಾಗಿ ಕೊಳೆಯುತ್ತದೆ, ಆಮೇಲೆ ಬಾಲವೂ ಇಲ್ಲ. ಬೆರಳು ಮಣ್ಣಿಗೆ ಇಳಿಸಿ ನೋಡಿ. ಬೆರಳಿನ ಮೊದಲ ಗೆಣ್ಣಿನವರೆಗೆ ಒಣಗಿದ್ದರೆ ನೀರು ಹಾಕಿ, ತಣ್ಣಗಿದ್ದರೆ ನಾಳೆ ಬನ್ನಿ. ಕುಂಡಕ್ಕೆ ತೂತು ಇರಬೇಕು ಅಂತಲೂ ನಾನೇ ಹೇಳಬೇಕಾ?

ಬೆಳಕು ಜಾಸ್ತಿ ಬೇಕು, ಸುಡುವ ಬಿಸಿಲು ಬೇಡ. ಮೂಲೆಯ ಕತ್ತಲಲ್ಲಿಟ್ಟರೆ ಎಲೆಗೂ ಎಲೆಗೂ ನಡುವೆ ಕಡ್ಡಿ ಉದ್ದವಾಗುತ್ತಾ ಹೋಗುತ್ತದೆ, ಬೆಳ್ಳಿ ಪಟ್ಟೆ, ನೇರಳೆ ಬಣ್ಣ ಎರಡೂ ಮಂಕಾಗುತ್ತವೆ. ಕಿಟಕಿ ಪಕ್ಕವೇ ಇದೆಯಲ್ಲ ಅನ್ನುವವರು ಒಮ್ಮೆ ಆ ಗಾಜಿನ ಮೇಲೆ ಬೆರಳಾಡಿಸಿ. ಅಷ್ಟು ಧೂಳಿದ್ದರೆ ಬೆಳಕೆಲ್ಲಿ ಬರಬೇಕು? ಮೊದಲು ಅದನ್ನು ಒರೆಸಿ.

ಬೋಳಾದ ಕುಂಡಕ್ಕೆ ನಮ್ಮ ಅತ್ತೆ ಮಾಡುತ್ತಿದ್ದ ಉಪಾಯ ಒಂದಿದೆ, ನಲವತ್ತು ವರ್ಷದಿಂದ ನಾನೂ ಅದನ್ನೇ ಮಾಡುತ್ತೇನೆ. ಅವರು ನಿಂತ ನಿಲುವಿನಲ್ಲೇ ಕೂದಲಿನಿಂದ ಪಿನ್ನು ಕಿತ್ತು ಬಳ್ಳಿಯನ್ನು ಹಿಡಿದಿಡುವ ಹಾಗೆ ಮಣ್ಣಿಗೆ ಚುಚ್ಚುತ್ತಿದ್ದರು. ತುರುಬಿಗೆ ಸಿಕ್ಕಿಸುವ ಎರಡು ಕಾಲಿನ ಪಿನ್ನು, ಒತ್ತಿ ಹಿಡಿಯುವ ಕ್ಲಿಪ್ಪಲ್ಲ. ಮೊದಲು ಒಂದೆರಡು ದಿನ ನೀರು ನಿಲ್ಲಿಸಿ, ಬಳ್ಳಿ ಕೊಂಚ ಬಳುಕುವಂತಾಗಲಿ. ನೀರು ಕುಡಿದು ಬೀಗಿದ ಕಡ್ಡಿ ಬಗ್ಗಿಸಿದರೆ ಗೆಣ್ಣಿನಲ್ಲಿ, ಅಂದರೆ ಎಲೆ ಹುಟ್ಟುವ ಗಂಟಿನಲ್ಲಿ, ಟಕ್ ಅಂತ ಮುರಿಯುತ್ತದೆ. ಆಮೇಲೆ ಉದ್ದ ಬಳ್ಳಿಯನ್ನು ಮೇಲೆತ್ತಿ ಕುಂಡದ ಮಣ್ಣಿನ ಮೇಲೆ ಸುರುಳಿ ಸುತ್ತಿ. ಸುತ್ತುವ ಮುಂಚೆ ಗೆಣ್ಣುಗಳನ್ನು ನೋಡಿ. ಒಣಗಿದ ಎಲೆಯ ಬುಡ ತೆಳು ಕಾಗದದ ಹಾಗೆ ಅಲ್ಲಿ ಅಂಟಿಕೊಂಡಿರುತ್ತದೆ, ಅದನ್ನು ಉಗುರಿನಿಂದ ಬಿಡಿಸಿ ತೆಗೆಯಬೇಕು. ಎಲ್ಲರೂ ಬಿಡುವುದು ಇದನ್ನೇ! ಆ ಸಿಪ್ಪೆ ಇದ್ದರೆ ಗೆಣ್ಣು ಮಣ್ಣಿಗೆ ಸರಿಯಾಗಿ ತಾಗುವುದಿಲ್ಲ, ತಾಗದಿದ್ದರೆ ಬೇರು ಹಿಡಿಯುವುದು ಕಷ್ಟ. ಪ್ರತಿ ಗೆಣ್ಣಿನ ಪಕ್ಕ ಒಂದು ಪಿನ್ನು, ಕಡ್ಡಿ ಮಣ್ಣಿಗೆ ಒರಗಿಕೊಂಡಿರುವಷ್ಟೇ ಒತ್ತಿ. ಪೂರ್ತಿ ಹೂಳಬೇಡಿ, ಹೂತರೆ ಕೊಳೆಯಬಹುದು. ಮೆಕ್ಸಿಕೋ ಕಡೆಯ ಕಾಡಿನ ನೆರಳಲ್ಲಿ ಈ ಪಟ್ಟೆ ಎಲೆ ಬಳ್ಳಿ ನೆಲದ ಮೇಲೆ ಹೀಗೇ ಹಬ್ಬುತ್ತಾ, ನೆಲ ಮುಟ್ಟಿದ ಕಡೆ ಬೇರು ಬಿಟ್ಟುಕೊಂಡು ಮುಂದೆ ಹೋಗುತ್ತದೆ. ಜೋತುಬೀಳಿಸಿದ್ದು ನಾವು. ಹದಿನೈದು ದಿನ ಮೇಲ್ಮಣ್ಣು ಒಣಗದ ಹಾಗೆ ಚಿಮುಕಿಸುತ್ತಿರಿ. ಮೆಲ್ಲಗೆ ಎಳೆದಾಗ ಕಡ್ಡಿ ಬರಲಿಲ್ಲ ಅಂದರೆ ಹಿಡಿಯಿತು ಅಂತ. ಗೆಣ್ಣಿನ ಕಂಕುಳಲ್ಲಿ ಅಕ್ಕಿ ಕಾಳಿನಷ್ಟು ಚಿಗುರು ಕಾಣುತ್ತದೆ. ಆಗ ಪಿನ್ನು ತೆಗೆದುಬಿಡಿ, ಇಲ್ಲದಿದ್ದರೆ ತುಕ್ಕು ಹಿಡಿಯುತ್ತದೆ.

ಆಮೇಲೆ ಬಳ್ಳಿಯ ತುದಿಗಳನ್ನು ಆಗಾಗ ಚಿವುಟುತ್ತಿರಬೇಕು. ಚಿವುಟಿದ ಕಡೆ ಒಂದಕ್ಕೆ ಎರಡು ಕವಲೊಡೆಯುತ್ತದೆ. ಚಿವುಟಿದ ತುಂಡು ಮೂರು ಬೆರಳುದ್ದ ಇದ್ದರೆ ಅದೇ ಕುಂಡದ ಖಾಲಿ ಜಾಗದಲ್ಲಿ ಚುಚ್ಚಿ. ಲೋಟದ ನೀರಲ್ಲಿಟ್ಟರೂ ವಾರದೊಳಗೆ ಬೇರು ಬರುತ್ತದೆ, ಆದರೆ ಅದು ಚೆಂದ ಅಂತ ತಿಂಗಳುಗಟ್ಟಲೆ ಅಲ್ಲೇ ಬಿಡಬೇಡಿ. ಬಿಳಿ ಪಟ್ಟೆಯ ಜಾತಿಯಲ್ಲಿ ಪೂರ್ತಿ ಹಸಿರು ಕವಲು ಬಂದರೆ ಬುಡದಲ್ಲೇ ಕತ್ತರಿಸಿ, ಅದು ಜೋರಾಗಿ ಬೆಳೆದು ಉಳಿದದ್ದನ್ನು ಮುಚ್ಚಿಹಾಕುತ್ತದೆ. ಇದರ ಸೊನೆ ಕೆಲವರಿಗೆ ತುರಿಕೆ ತರುತ್ತದೆ, ನಾಯಿ ಬೆಕ್ಕಿಗೂ ಅಷ್ಟೆ, ಕೈ ತೊಳೆದುಕೊಳ್ಳಿ. ಮಿಕ್ಕ ತುಂಡುಗಳನ್ನು ಹಿತ್ತಲಿಗೋ ತೋಡಿಗೋ ಎಸೆಯುವುದು ಮಾತ್ರ ಬೇಡವೇ ಬೇಡ. ನ್ಯೂಜಿಲೆಂಡಿನ ಕಾಡುಗಳಲ್ಲಿ ಇದರ ಹಸಿರು ಜಾತಿಯೊಂದು ನೆಲವನ್ನೆಲ್ಲ ಮುಚ್ಚಿ, ಮರದ ಸಸಿ ಏಳಲು ಬಿಡದೆ ಕಳೆಯಾಗಿ ಕಾಡುತ್ತಿದೆ.

ತಂಗಿಯ ಮಗಳ ಕುಂಡಕ್ಕೆ ನನ್ನ ಹನ್ನೆರಡು ಪಿನ್ನು ಚುಚ್ಚಿ ಬಂದಿದ್ದೆ. ನಿನ್ನೆ ಫೋನ್ ಮಾಡಿದಳು, ಚಿಗುರು ಬಂದಿದೆಯಂತೆ. ಪಿನ್ನು ಎಲ್ಲಿ ಅಂದರೆ ಒಂಬತ್ತೇ ಸಿಕ್ಕಿದ್ದು ಅನ್ನುತ್ತಾಳೆ.