ಬಣ್ಣ ಬಿಟ್ಟು ಬಂದೂಕು ನೋಡಲು ಕಲಿತದ್ದು

ಬಾರ್ಡರ್‌ಲ್ಯಾಂಡ್ಸ್ 2 ಎಂಬ ವಿಡಿಯೋ ಆಟದಲ್ಲಿ ಬಂದೂಕುಗಳಿಗೆ ಬರವಿಲ್ಲ. ಬರವಿರುವುದು ಚೀಲದೊಳಗಿನ ಜಾಗಕ್ಕೆ. ಗೇರ್‌ಬಾಕ್ಸ್ ಸಾಫ್ಟ್‌ವೇರ್ ತಯಾರಿಸಿದ, 2012ರ ಸೆಪ್ಟೆಂಬರಿನಲ್ಲಿ ಹೊರಬಂದ ಈ ಆಟವು ಬಾಡಿ, ಬ್ಯಾರೆಲ್, ಗ್ರಿಪ್, ಸ್ಟಾಕ್, ಸೈಟ್ ಎಂಬ ಬಿಡಿಭಾಗಗಳನ್ನು ಮನಬಂದಂತೆ ಜೋಡಿಸಿ ಪ್ರತಿ ಗನ್ನನ್ನೂ ಹೊಸದಾಗಿ ತಯಾರಿಸುತ್ತದೆ. ಹೀಗಾಗಿ ಹೆಸರು ಒಂದೇ ಇರುವ ಎರಡು ಗನ್ನುಗಳು ಸಹ ಕೈಯಲ್ಲಿ ಹಿಡಿದಾಗ ಬೇರೆ ಬೇರೆಯಾಗಿಯೇ ವರ್ತಿಸುತ್ತವೆ. ಸತ್ತ ಶತ್ರುವಿನ ಬಳಿ ಒಂದು, ತೆರೆದ ಪೆಟ್ಟಿಗೆಯಲ್ಲಿ ನಾಲ್ಕು, ಬಾಸ್ ಬಿದ್ದರೆ ರಾಶಿ. ಯಾವುದನ್ನು ಇಟ್ಟುಕೊಳ್ಳಬೇಕು, ಯಾವುದನ್ನು ಮಾರಬೇಕು ಎಂಬುದನ್ನು ನಿರ್ಧರಿಸುವುದೇ ಈ ಆಟದ ಅರ್ಧ ಕೆಲಸ. ಆ ಕೆಲಸವನ್ನು ನಾನು ಸುಮಾರು ಒಂದು ವರ್ಷ ತಪ್ಪಾಗಿಯೇ ಮಾಡಿದೆ.

2013ರಲ್ಲಿ ನಾನು ಪುಣೆಯ ಆಕುರ್ಡಿಯಲ್ಲಿ ಒಂದು ಕೋಣೆ ಹಿಡಿದಿದ್ದೆ. ಇಂಜಿನಿಯರಿಂಗ್ ಓದಲು ಬಿಜಾಪುರದಿಂದ ಬಂದಿದ್ದ ನನ್ನ ಕಾಕಾನ ಮಗನೂ ಜೊತೆಗಿದ್ದ. ನನ್ನದು ಜೋಡಿಸಿದ ಡೆಸ್ಕ್‌ಟಾಪ್, ಅವನದು ಲ್ಯಾಪ್‌ಟಾಪ್. ನಡುವೆ ಒಂದು ಕೇಬಲ್ ಎಳೆದು ಇಬ್ಬರೂ ಒಂದೇ ಆಟದಲ್ಲಿ ಸೇರಿಕೊಳ್ಳುತ್ತಿದ್ದೆವು. ನಾನು ಆಯ್ದುಕೊಂಡದ್ದು ಮಾಯಾ ಎಂಬ ಸೈರನ್ (ಮಾಂತ್ರಿಕ ಶಕ್ತಿಯ ಪಾತ್ರ), ಅವನು ಆಯ್ದುಕೊಂಡದ್ದು ಎರಡೂ ಕೈಯಲ್ಲಿ ಏಕಕಾಲಕ್ಕೆ ಗನ್ ಹಿಡಿದು ಸುಡಬಲ್ಲ ಸಾಲ್ವಡಾರ್. ಈ ವ್ಯತ್ಯಾಸ ಮುಂದೆ ಮುಖ್ಯವಾಗುತ್ತದೆ.

ಆಟದಲ್ಲಿ ಗನ್ನಿನ ಅಪರೂಪತೆಯನ್ನು ಬಣ್ಣದಿಂದ ಸೂಚಿಸಲಾಗುತ್ತದೆ. ಬಿಳಿ ಸಾಮಾನ್ಯ, ಅದರ ಮೇಲೆ ಹಸಿರು, ನಂತರ ನೀಲಿ, ನೇರಳೆ, ಎಲ್ಲಕ್ಕೂ ಮೇಲೆ ಲೆಜೆಂಡರಿ ಎನಿಸಿಕೊಳ್ಳುವ ಕಿತ್ತಳೆ; ಆಟಕ್ಕೆ ಆಮೇಲೆ ಸೇರಿದ ಹೆಚ್ಚುವರಿ ಕಂತುಗಳಲ್ಲಿ ಇನ್ನೂ ಅಪರೂಪದ ಕೆಲವು ಬಣ್ಣಗಳು ಸೇರಿಕೊಂಡವು. ನೆಲದಿಂದ ಕಿತ್ತಳೆ ಬೆಳಕಿನ ಕಂಬ ಎದ್ದರೆ ಸಾಕು, ಗನ್ನಿನ ಗುಣಗಳನ್ನು ತೋರಿಸುವ ಕಾರ್ಡನ್ನೂ ಓದದೆ ನಾನು ಎತ್ತಿಕೊಳ್ಳುತ್ತಿದ್ದೆ. ಲೆವೆಲ್ 50 ತಲುಪುವ ಹೊತ್ತಿಗೆ ಗನ್ ಹಿಡಿದುಕೊಳ್ಳುವ ನನ್ನ ನಾಲ್ಕೂ ಸ್ಲಾಟ್‌ಗಳು ಕಿತ್ತಳೆಯಾಗಿದ್ದವು ಮತ್ತು ನಾನು ಅದನ್ನೊಂದು ಸಾಧನೆ ಎಂದೇ ತಿಳಿದಿದ್ದೆ.

2013ರ ಏಪ್ರಿಲ್‌ನಲ್ಲಿ ಗರಿಷ್ಠ ಲೆವೆಲ್ಲನ್ನು 50ರಿಂದ 61ಕ್ಕೆ ಏರಿಸಿದರು. ಜೊತೆಗೆ, ಇಡೀ ಕಥೆಯನ್ನು ಮೊದಲಿನಿಂದ ಇನ್ನೂ ಕಠಿಣವಾಗಿ ಆಡಿಸುವ ಅಲ್ಟಿಮೇಟ್ ವಾಲ್ಟ್ ಹಂಟರ್ ಎಂಬ ಮೂರನೆಯ ಸುತ್ತೂ ಬಂತು. ಈ ಸುತ್ತಿನಲ್ಲಿ ಶತ್ರುಗಳ ಲೆವೆಲ್ ನಮ್ಮ ಲೆವೆಲ್ಲಿನೊಂದಿಗೇ ಏರುತ್ತದೆ. ಅಷ್ಟೇ ಅಲ್ಲ, ಗಾಯಗೊಂಡ ಶತ್ರುವನ್ನು ಬಿಟ್ಟು ಪಕ್ಕಕ್ಕೆ ತಿರುಗಿದರೆ ಅವನ ಜೀವ ತಾನೇ ಮರಳಿ ತುಂಬಿಕೊಳ್ಳುತ್ತದೆ. ಲೆವೆಲ್ 56ರ ಹೊತ್ತಿಗೆ ನನ್ನ ಕಿತ್ತಳೆ ಗನ್ನುಗಳು ಒಬ್ಬ ಸಾಮಾನ್ಯ ಡಕಾಯಿತನನ್ನು ಕೆಡವಲು ಮೂರು ಮ್ಯಾಗಜೀನ್ ನುಂಗುತ್ತಿದ್ದವು, ತಮ್ಮನಾದರೋ ಅಂಗಡಿಯಲ್ಲಿ ಕೊಂಡ ಹಸಿರು ಗನ್ನಿನಿಂದ ಅದೇ ಕೆಲಸವನ್ನು ಒಂದೂವರೆ ಮ್ಯಾಗಜೀನ್‌ನಲ್ಲಿ ಮುಗಿಸುತ್ತಿದ್ದ. "ಅಣ್ಣಾ, ಅದಕ್ಕ ವಯಸ್ಸಾಗ್ಯಾದ, ಮಾರಿಬಿಡು" ಎಂದ ಅವನು, ಪರದೆಯಿಂದ ಕಣ್ಣು ತೆಗೆಯದೆ.

ಅವನ ಮಾತಿನ ಹಿಂದೆ ಸರಳವಾದ ಗಣಿತವಿತ್ತು. ಗನ್ನಿನ ಡ್ಯಾಮೇಜ್, ಅಂದರೆ ಅದು ಶತ್ರುವಿಗೆ ಮಾಡುವ ಹಾನಿ, ಪ್ರತಿ ಲೆವೆಲ್ಲಿಗೆ ಸುಮಾರು ಶೇಕಡಾ 13ರಂತೆ ಏರುತ್ತದೆ, ಅದೂ ಚಕ್ರಬಡ್ಡಿಯ ಲೆಕ್ಕದಲ್ಲಿ. ಮೂರು ಲೆವೆಲ್ಲಿನ ಅಂತರಕ್ಕೆ 1.44 ಪಟ್ಟು, ಆರು ಲೆವೆಲ್ಲಿಗೆ ಎರಡು ಪಟ್ಟಿಗಿಂತ ಸ್ವಲ್ಪ ಹೆಚ್ಚು. ಎಂದರೆ, ಲೆವೆಲ್ 50ರಲ್ಲಿ ಸಿಕ್ಕ ಕಿತ್ತಳೆ ಗನ್ ಎಷ್ಟೇ ವಿಶೇಷವಾಗಿರಲಿ, ಲೆವೆಲ್ 56ರ ಗನ್ನಿನ ಎದುರು ಅರ್ಧ ಬಲ ಕಳೆದುಕೊಂಡೇ ನಿಲ್ಲುತ್ತದೆ. ಅಂದಿನಿಂದ ನಾನು ಕಾರ್ಡಿನಲ್ಲಿ ಮೊದಲು ನೋಡುವುದು ಲೆವೆಲ್ಲನ್ನು. ನನ್ನ ಲೆವೆಲ್ಲಿಗಿಂತ ನಾಲ್ಕು ಹಿಂದಿದ್ದರೆ, ಅದರಲ್ಲಿ ಬೇರೆಲ್ಲೂ ಸಿಗದ ಗುಣವೊಂದು ಇಲ್ಲದ ಹೊರತು, ಮಾರ್ಕಸ್‌ನ ಅಂಗಡಿಗೆ ಕಳಿಸುತ್ತೇನೆ.

ಎರಡನೆಯ ತಪ್ಪು ಕಾರ್ಡಿನ ಮೇಲಿನ ದೊಡ್ಡ ಅಂಕಿಯನ್ನು ನಂಬಿದ್ದು. ಕಾರ್ಡು ಒಂದು ಗುಂಡಿನ ಡ್ಯಾಮೇಜ್, ನಿಖರತೆ, ಸೆಕೆಂಡಿಗೆ ಹಾರುವ ಗುಂಡುಗಳು, ರೀಲೋಡಿನ ವೇಗ, ಮ್ಯಾಗಜೀನ್ ಗಾತ್ರ ಇವನ್ನು ಬೇರೆ ಬೇರೆಯಾಗಿ ತೋರಿಸುತ್ತದೆಯೇ ಹೊರತು ಎಲ್ಲವನ್ನೂ ಕೂಡಿಸಿ ಹೇಳುವುದಿಲ್ಲ. ನಾನು ಹಳೆಯ ನೋಟ್‌ಬುಕ್ಕೊಂದರ ಕೊನೆಯ ಪುಟಗಳಲ್ಲಿ ಈ ಲೆಕ್ಕ ಹಾಕಲು ಶುರುಮಾಡಿದೆ. ಒಂದು ಗನ್ನಿಗೆ ಡ್ಯಾಮೇಜ್ 1000, ಸೆಕೆಂಡಿಗೆ 5 ಗುಂಡು, ಮ್ಯಾಗಜೀನ್‌ನಲ್ಲಿ 10 ಗುಂಡು, ರೀಲೋಡಿಗೆ 4 ಸೆಕೆಂಡು ಎಂದುಕೊಳ್ಳಿ. ಎರಡು ಸೆಕೆಂಡಿನಲ್ಲಿ ಹತ್ತು ಸಾವಿರ ಡ್ಯಾಮೇಜ್ ಸುರಿಸಿ, ನಾಲ್ಕು ಸೆಕೆಂಡು ಸುಮ್ಮನಿರುತ್ತದೆ. ಸರಾಸರಿ ಸೆಕೆಂಡಿಗೆ 1667. ಇನ್ನೊಂದಕ್ಕೆ ಡ್ಯಾಮೇಜ್ 700 ಮಾತ್ರ, ವೇಗ ಅದೇ, ಆದರೆ ಮ್ಯಾಗಜೀನ್ 40, ರೀಲೋಡ್ 3 ಸೆಕೆಂಡು. ಎಂಟು ಸೆಕೆಂಡಿನಲ್ಲಿ 28,000, ರೀಲೋಡ್ ಸೇರಿಸಿದರೆ ಹನ್ನೊಂದು ಸೆಕೆಂಡು, ಸರಾಸರಿ 2545. ಕಾರ್ಡಿನ ಅಂಕಿಯಲ್ಲಿ ಸೋತ ಗನ್ ನಿಜವಾದ ಜಗಳದಲ್ಲಿ ಅರ್ಧ ಪಟ್ಟು ಮುಂದಿರುತ್ತದೆ.

ಹಾಗೆಂದು ಈ ಸರಾಸರಿಯನ್ನೂ ಕಣ್ಣುಮುಚ್ಚಿ ಒಪ್ಪಬಾರದು. ಶತ್ರು ಒಂಬತ್ತು ಸಾವಿರಕ್ಕೇ ಸಾಯುವವನಾದರೆ ಮೊದಲನೆಯ ಗನ್ನೇ ಲೇಸು, ಏಕೆಂದರೆ ರೀಲೋಡಿನ ಪ್ರಶ್ನೆಯೇ ಬರುವುದಿಲ್ಲ. ಆದ್ದರಿಂದ ಲೆಕ್ಕದ ಜೊತೆಗೆ ಒಂದು ಪ್ರಶ್ನೆಯನ್ನೂ ಕೇಳಿಕೊಳ್ಳುತ್ತೇನೆ: ನಾನು ಸುಡಹೊರಟಿರುವವನು ಒಂದು ಮ್ಯಾಗಜೀನ್‌ಗೆ ಬೀಳುವವನೇ, ಹತ್ತಕ್ಕೂ ಬೀಳದ ಬಾಸ್ ಆಗಿದ್ದಾನೆಯೇ?

ಆಯ್ಕೆಯಲ್ಲಿ ಎಲ್ಲಕ್ಕಿಂತ ಹೆಚ್ಚು ವ್ಯತ್ಯಾಸ ಮಾಡುವುದು ಎಲಿಮೆಂಟ್, ಅಂದರೆ ಗುಂಡಿನಲ್ಲಿ ಬೆರೆತ ಬೆಂಕಿ, ವಿದ್ಯುತ್ತಿನಂಥ ಗುಣ. ನಾನು ತೀರ ತಡವಾಗಿ ಗಮನ ಕೊಟ್ಟದ್ದೂ ಇದಕ್ಕೇ. ಬೆಂಕಿ ಮಾಂಸದ ದೇಹಕ್ಕೆ, ವಿದ್ಯುತ್ತು ಶೀಲ್ಡಿಗೆ, ಆಸಿಡ್ ಲೋಹದ ಕವಚಕ್ಕೆ ಎಂಬ ಮಾತು ಆಟದ ಆರಂಭದಲ್ಲೇ ತಿಳಿಯುತ್ತದೆ. ಆದರೆ ಮೊದಲ ಎರಡು ಸುತ್ತುಗಳಲ್ಲಿ ತಪ್ಪು ಎಲಿಮೆಂಟ್ ಹಿಡಿದರೂ ಹೇಗೋ ದಾಟಬಹುದು. ಮೂರನೆಯ ಸುತ್ತಿನಲ್ಲಿ ಸಾಧ್ಯವಿಲ್ಲ. ಅಲ್ಲಿ ಬೆಂಕಿಯ ಗುಂಡು ಮಾಂಸಕ್ಕೆ 1.75 ಪಟ್ಟು ತಾಗಿದರೆ, ಕವಚಕ್ಕೆ 0.6 ಪಟ್ಟು, ಶೀಲ್ಡಿಗೆ ಕೇವಲ 0.4 ಪಟ್ಟು. ಆಸಿಡ್‌ನದು ಇದಕ್ಕೆ ತಿರುಗುಮುರುಗು: ಕವಚಕ್ಕೆ 1.75, ಮಾಂಸಕ್ಕೆ 0.6, ಶೀಲ್ಡಿಗೆ 0.4. ವಿದ್ಯುತ್ತು ಶೀಲ್ಡಿಗೆ 2.5 ಪಟ್ಟು, ಉಳಿದೆರಡಕ್ಕೂ ಯಥಾವತ್ತು. ಒಂದೇ ಬೆಂಕಿಯ ಗನ್ ಡಕಾಯಿತರ ಹಟ್ಟಿಯಲ್ಲಿ ವೀರನಂತೆ ಮೆರೆದು, ಲೋಡರ್ ಯಂತ್ರಗಳು ತುಂಬಿದ ಆಪರ್ಚುನಿಟಿ ನಗರದಲ್ಲಿ ಮೂರರಲ್ಲೊಂದು ಪಾಲಿಗೆ ಇಳಿಯುವುದು ಇದರಿಂದ. ನಾನು ಆ ನಗರದಲ್ಲಿ ಒಂದು ಇಡೀ ರಾತ್ರಿ ಬೆಂಕಿಯ ಗನ್ ಹಿಡಿದು ಹೋರಾಡಿ, ಗನ್ನೇ ಸರಿಯಿಲ್ಲವೆಂದು ಮಾರಿದ್ದೂ ಉಂಟು. ಅದು ಒಳ್ಳೆಯ ಗನ್ನೇ ಆಗಿತ್ತು.

ಇವುಗಳ ಮೇಲೆ ಸ್ಲ್ಯಾಗ್ ಎಂಬ ನೇರಳೆ ಲೇಪವೊಂದಿದೆ. ಅದು ಅಂಟಿಕೊಂಡ ಶತ್ರುವಿಗೆ ಸ್ಲ್ಯಾಗ್ ಅಲ್ಲದ ಬೇರೆ ಯಾವುದೇ ಗುಂಡು ಮೊದಲ ಎರಡು ಸುತ್ತುಗಳಲ್ಲಿ ಎರಡು ಪಟ್ಟು, ಮೂರನೆಯ ಸುತ್ತಿನಲ್ಲಿ ಮೂರು ಪಟ್ಟು ತಾಗುತ್ತದೆ. ಸ್ಲ್ಯಾಗ್ ಗನ್ನಿನ ಸ್ವಂತ ಡ್ಯಾಮೇಜ್ ಇಲ್ಲಿ ಗೌಣ. ಅದು ಬೇಗ ಅಂಟಬೇಕು, ನಾನು ಬೇಗ ಗನ್ ಬದಲಿಸಬೇಕು, ಅಷ್ಟೇ. ಮಾಯಾಳ ಕೌಶಲಗಳಲ್ಲಿ ರೂಯಿನ್ ಎಂಬುದೊಂದಿದ್ದು, ಅವಳು ಒಬ್ಬನನ್ನು ಗಾಳಿಯಲ್ಲಿ ಕಟ್ಟಿಹಾಕಿದಾಗ ಸುತ್ತಲಿನವರಿಗೆಲ್ಲ ಸ್ಲ್ಯಾಗ್ ತಾನಾಗಿಯೇ ತಗಲುತ್ತದೆ. ಹೀಗಾಗಿ ಒಂದು ಸ್ಲಾಟನ್ನು ಸ್ಲ್ಯಾಗ್‌ಗೆಂದೇ ಮೀಸಲಿಡುವ ಒತ್ತಡ ನನಗೆ ಕಡಿಮೆ, ತಮ್ಮನಿಗೆ ಹೆಚ್ಚು.

ತಯಾರಕ ಕಂಪನಿಗಳ ವಿಷಯದಲ್ಲಿ ಯಾವುದು ಶ್ರೇಷ್ಠ ಎಂಬ ವಾದ ನನಗೆ ವ್ಯರ್ಥವೆನಿಸುತ್ತದೆ. ಬೆರಳಿಗೆ ಯಾವುದು ಒಗ್ಗುತ್ತದೆ ಎಂಬುದೇ ಸರಿಯಾದ ಪ್ರಶ್ನೆ. ಜೇಕಬ್ಸ್ ಗನ್ ನೀವು ಟ್ರಿಗರ್ ಎಳೆದಷ್ಟೇ ವೇಗವಾಗಿ ಸುಡುತ್ತದೆ, ಆದರೆ ಅದಕ್ಕೆ ಎಲಿಮೆಂಟ್ ಇರುವುದಿಲ್ಲ. ಮ್ಯಾಲಿವಾನ್‌ನಲ್ಲಿ ಎಲಿಮೆಂಟ್ ಇದ್ದೇ ಇರುತ್ತದೆ. ಹೈಪೀರಿಯನ್ ಸುಡುತ್ತ ಹೋದಂತೆ ಗುರಿ ಬಿಗಿಯಾಗುತ್ತದೆ, ವ್ಲಾಡಾಫ್ ಮಳೆಗರೆಯುತ್ತದೆ, ಡಾಲ್ ಗುರಿಯಿಟ್ಟು ನೋಡುವಾಗ ಗುಂಡುಗಳನ್ನು ಗೊಂಚಲಾಗಿ ಬಿಡುತ್ತದೆ, ಟಾರ್ಗ್‌ನ ಗುಂಡು ನಿಧಾನವಾಗಿ ಹೋಗಿ ಸಿಡಿಯುತ್ತದೆ. ಟೆಡಿಯೋರ್ ಗನ್ನನ್ನು ರೀಲೋಡ್ ಮಾಡುವ ಬದಲು ಗ್ರೆನೇಡಿನಂತೆ ಎಸೆಯಲಾಗುತ್ತದೆ. ಮ್ಯಾಗಜೀನ್‌ನಲ್ಲಿ ಗುಂಡು ಉಳಿದಷ್ಟೂ ಸ್ಫೋಟ ದೊಡ್ಡದು. ಗುಂಡು ಖಾಲಿಯಾಗುವ ಮೊದಲೇ ರೀಲೋಡ್ ಬಟನ್ ಒತ್ತುವ ಕೆಟ್ಟ ಚಟ ನನಗಿದೆ. ಆ ಚಟಕ್ಕೆ ಬೆಲೆ ಕಟ್ಟುವ ಕಂಪನಿ ಇದೊಂದೇ ಎಂಬ ಕಾರಣಕ್ಕೆ ಅದರ ಮೇಲೆ ನನಗೆ ಮಮತೆ.

ಇಷ್ಟೆಲ್ಲ ಲೆಕ್ಕದ ಹೊರಗೆ ಉಳಿಯುವುದು ಕೆಂಪು ಅಕ್ಷರ. ವಿಶಿಷ್ಟ ಗನ್ನುಗಳ ಕಾರ್ಡಿನ ಕೆಳಗೆ ಕೆಂಪು ಬಣ್ಣದಲ್ಲಿ ಒಂದು ಒಗಟಿನಂಥ ಸಾಲಿರುತ್ತದೆ. ಗನ್ನಿಗೆ ಗುಪ್ತ ಗುಣವಿದೆಯೆಂದು ಅದು ಸೂಚಿಸುತ್ತದೆ, ಯಾವುದೆಂದು ಬಾಯಿ ಬಿಡುವುದಿಲ್ಲ. ಕಾನ್ಫರೆನ್ಸ್ ಕಾಲ್ ಎಂಬ ಶಾಟ್‌ಗನ್ನಿನ ಚೂರುಗಳು ಹಾರುತ್ತಲೇ ಹೊಸ ಚೂರುಗಳನ್ನು ಹುಟ್ಟಿಸುತ್ತವೆ. ಕಾರ್ಡಿನ ಅಂಕಿಯಲ್ಲಿ ಅವುಗಳ ಸುಳಿವೇ ಇಲ್ಲ. ಆಟದ ಪಾತ್ರಗಳಲ್ಲೊಬ್ಬಳಾದ ಮಾಕ್ಸಿ ಕೊಡುವ ರೂಬಿ ಪಿಸ್ತೂಲು ನೋಡಲು ಬಡಪಾಯಿ, ಬಣ್ಣವೂ ಬರೀ ನೀಲಿ. ಆದರೆ ಅದು ಕೈಯಲ್ಲಿರುವಾಗ ನಾವು ಮಾಡಿದ ಡ್ಯಾಮೇಜಿನ ಶೇಕಡಾ 12ರಷ್ಟು ನಮ್ಮ ಜೀವಕ್ಕೆ ಮರಳುತ್ತದೆ, ಆ ಡ್ಯಾಮೇಜ್ ಗ್ರೆನೇಡಿನಿಂದ ಬಂದದ್ದಾದರೂ ಸರಿ. ಗ್ರೆನೇಡ್ ಎಸೆದು ರೂಬಿ ಹಿಡಿದು ಸುಮ್ಮನೆ ನಿಂತು ಬದುಕಿಕೊಂಡ ಸಂದರ್ಭಗಳು ನನ್ನವು ಎಷ್ಟೋ ಇವೆ. ರಕ್ಕಾಹಾಲಿಕ್ಸ್ ಅನಾನಿಮಸ್ ಮಿಷನ್‌ನ ಕೊನೆಗೆ ಮದ್ಯವನ್ನು ಮಾಕ್ಸಿಗೆ ಒಪ್ಪಿಸಿದರೆ ಮಾತ್ರ ಇದು ಸಿಗುತ್ತದೆ, ಮಾರ್ಡಿಕಾಯ್ ಎಂಬ ಇನ್ನೊಂದು ಪಾತ್ರಕ್ಕೆ ಒಪ್ಪಿಸಿದರೆ ಅವನು ಸ್ನೈಪರ್ ರೈಫಲ್ ಕೊಡುತ್ತಾನೆ. ಮೊದಲ ಸುತ್ತಿನಲ್ಲಿ ನಾನು ಸ್ನೈಪರ್ ತೆಗೆದುಕೊಂಡವನು.

ಮಿಷನ್ ಬಹುಮಾನದ ವಿಷಯದಲ್ಲಿ ಇನ್ನೊಂದು ಪೆಟ್ಟು ತಿಂದೆ. ಕ್ಯಾಪ್ಟನ್ ಸ್ಕಾರ್ಲೆಟ್‌ಳ ಹೆಚ್ಚುವರಿ ಕಂತಿನಲ್ಲಿ ಸ್ಯಾಂಡ್ ಹಾಕ್ ಎಂಬ ಡಾಲ್ ಕಂಪನಿಯ ಸಬ್‌ಮಷಿನ್ ಗನ್ ಸಿಗುತ್ತದೆ. ಗುಂಡುಗಳು ಹಕ್ಕಿಯ ರೆಕ್ಕೆಯ ಆಕಾರದಲ್ಲಿ ಹರಡಿ ಹೋಗುತ್ತವೆ. ಇದೂ ನೀಲಿ ಬಣ್ಣದ್ದೇ. ಶೀಲ್ಡ್ ತುಂಬಿರುವವರೆಗೆ ಪ್ರತಿ ಗುಂಡಿಗೂ ಬಲ ಸೇರಿಸುವ ಬೀ ಎಂಬ ಶೀಲ್ಡಿನೊಂದಿಗೆ ಇದನ್ನು ಹಿಡಿದರೆ, ನನ್ನ ಬಳಿ ಇದ್ದ ಯಾವ ಕಿತ್ತಳೆ ಗನ್ನೂ ಸಮಕ್ಕೆ ಬರುತ್ತಿರಲಿಲ್ಲ. ಆದರೆ ಮಿಷನ್ ಬಹುಮಾನ ಒಂದು ಸುತ್ತಿಗೆ ಒಂದೇ ಸಲ, ಮತ್ತು ಅದರ ಲೆವೆಲ್ ಅಲ್ಲಿಗೇ ನಿಲ್ಲುತ್ತದೆ. ಅವಸರಪಟ್ಟು ಮೂರನೆಯ ಸುತ್ತಿನ ಆರಂಭದಲ್ಲೇ, ಲೆವೆಲ್ 51ರಲ್ಲಿ, ನಾನು ಅದನ್ನು ಪಡೆದುಬಿಟ್ಟೆ. 61 ತಲುಪಿದಾಗ ಅದೇ ಚಕ್ರಬಡ್ಡಿಯ ಲೆಕ್ಕ ತಿರುಗಿ ಬಂತು: ಅದೇ ಗನ್ 61ರಲ್ಲಿ ಸಿಕ್ಕಿದ್ದರೆ ಮೂರು ಪಟ್ಟಿಗಿಂತಲೂ ಹೆಚ್ಚು ಬಲವಾಗಿರುತ್ತಿತ್ತು. ಮೂರನೆಯ ಸುತ್ತನ್ನೇ ಅಳಿಸಿ ಮೊದಲಿನಿಂದ ಆಡಿ ಅದನ್ನು ಮತ್ತೆ ಗಳಿಸಿಕೊಂಡೆ. ಒಳ್ಳೆಯ ಬಹುಮಾನವಿರುವ ಮಿಷನ್‌ಗಳನ್ನು ಗರಿಷ್ಠ ಲೆವೆಲ್ ಮುಟ್ಟುವವರೆಗೆ ಕಾಯ್ದಿರಿಸುವ ಶಿಸ್ತು ನನಗೆ ಬಂದದ್ದು ಹೀಗೆ.

ಈಗ ಹೊಸ ಗನ್ ಸಿಕ್ಕಾಗ ಕಾರ್ಡಿನ ಲೆಕ್ಕ ಮುಗಿಸಿ, ತ್ರೀ ಹಾರ್ನ್ಸ್ ಡಿವೈಡ್‌ಗೆ ಹೋಗಿ ಬುಲ್ಲಿಮಾಂಗ್ ಎಂಬ ಮೃಗಗಳ ಮೇಲೆ, ನಂತರ ಆಪರ್ಚುನಿಟಿಯಲ್ಲಿ ಲೋಡರ್‌ಗಳ ಮೇಲೆ ಪ್ರಯೋಗಿಸುತ್ತೇನೆ. ಅನ್ನ ಬೆಂದಿದೆಯೇ ಎಂದು ತಿಳಿಯಲು ಒಂದು ಅಗುಳು ಹಿಚುಕಿದರೆ ಸಾಕೆನ್ನುತ್ತಾರೆ, ಇಲ್ಲಿ ಸಾಲದು. ಮಾಂಸ, ಕವಚ, ಹತ್ತಿರ, ದೂರ ಎಂದು ನಾಲ್ಕು ಬಗೆಯಲ್ಲಾದರೂ ಹತ್ತಾರು ಮ್ಯಾಗಜೀನ್ ಖರ್ಚು ಮಾಡುತ್ತೇನೆ. ಗುರಿ ನೋಡುವಾಗ ಸೈಟ್ ಕಣ್ಣಿಗೆ ಅಡ್ಡ ಬರುತ್ತದೆಯೇ, ಸತತವಾಗಿ ಸುಟ್ಟರೆ ಮದ್ದುಗುಂಡು ಎಷ್ಟು ಹೊತ್ತಿಗೆ ತೀರುತ್ತದೆ ಎಂಬಂಥ, ಯಾವ ಕಾರ್ಡೂ ಹೇಳದ ಸಂಗತಿಗಳು ಆಗ ಗೊತ್ತಾಗುತ್ತವೆ.

ಅನ್‌ಕೆಂಪ್ಟ್ ಹೆರಾಲ್ಡ್ ವಿಷಯದಲ್ಲಿ ನಿರ್ಣಾಯಕವಾದದ್ದು ಈ ಕೊನೆಯ ಸಂಗತಿಯೇ. ಸಿಡಿಗುಂಡುಗಳನ್ನು ಬೀಸಣಿಗೆಯಂತೆ ಹರಡುವ ಟಾರ್ಗ್ ಕಂಪನಿಯ ಈ ಲೆಜೆಂಡರಿ ಪಿಸ್ತೂಲನ್ನು ಟಾರ್ಗ್ ಕಂತಿನ ಯಂತ್ರದಲ್ಲಿ 613 ಟೋಕನ್ ಕೊಟ್ಟು ಕೊಳ್ಳಬಹುದು, ಇಲ್ಲವೇ ಸ್ಯಾವೇಜ್ ಲೀ ಎಂಬವನನ್ನು ಕೊಂದು, ಆಟದಿಂದ ಹೊರಬಂದು, ಮರಳಿ ಹೋಗಿ ಮತ್ತೆ ಕೊಲ್ಲುತ್ತ ಅದೃಷ್ಟಕ್ಕೆ ಕಾಯಬಹುದು. ಟೋಕನ್ ಕೂಡಿಡುವ ತಾಳ್ಮೆಯಿಲ್ಲದೆ ನಾನು ಎರಡನೆಯ ದಾರಿ ಹಿಡಿದೆ. ಆಗ ನನಗೆ ರಾತ್ರಿ ಪಾಳಿ, ಹಗಲು ಬಿಡುವು. ಇಪ್ಪತ್ತಾರನೆಯ ಸಲ ಅದು ಬಿತ್ತು; ಎತ್ತಿಕೊಂಡು ಕಾರ್ಡು ಓದುತ್ತಿರುವಾಗಲೇ ಕರೆಂಟ್ ಹೋಯಿತು. ಅಂದು ಗುರುವಾರವೆಂಬುದು ನನಗೆ ಮರೆತೇ ಹೋಗಿತ್ತು. ಪುಣೆಯಲ್ಲಿ ದುರಸ್ತಿಗೆಂದು ಕರೆಂಟ್ ತೆಗೆಯುವುದು ಗುರುವಾರವೇ, ನನ್ನ ಡೆಸ್ಕ್‌ಟಾಪಿಗೆ ಯುಪಿಎಸ್ ಇರಲಿಲ್ಲ, ಆಟ ಸೇವ್ ಆಗಿರಲಿಲ್ಲ. ಸಂಜೆ ಮತ್ತೆ ಒಂದರಿಂದ ಎಣಿಸತೊಡಗಿದೆ.

ಎರಡು ವಾರದ ಮೇಲೆ, ತಮ್ಮನೂ ಜೊತೆಗೆ ಆಡುತ್ತಿದ್ದಾಗ, ಅದು ಇನ್ನೊಮ್ಮೆ ಬಿತ್ತು. 2019ರ ಬಾರ್ಡರ್‌ಲ್ಯಾಂಡ್ಸ್ 3ರಲ್ಲಿ ಪ್ರತಿ ಆಟಗಾರನಿಗೂ ಅವನದೇ ಲೂಟ್ ಬೀಳುವ ವ್ಯವಸ್ಥೆ ಬಂತು. ಎರಡನೆಯ ಆಟದಲ್ಲಿ ಹಾಗಿಲ್ಲ, ಮೊದಲು ಎತ್ತಿಕೊಂಡವನದೇ ಸೊತ್ತು. ನಾನು ಎತ್ತಿಕೊಂಡೆ. ನಾಲ್ಕು ದಿನ ಆಡಿದ ಮೇಲೆ ನೋಟ್‌ಬುಕ್ಕಿನಲ್ಲಿ ಬರೆದದ್ದು ಇಷ್ಟು: ಡ್ಯಾಮೇಜ್ ಅದ್ಭುತ, ಆದರೆ ಒಂದೊಂದು ಸಲ ಟ್ರಿಗರ್ ಎಳೆದಾಗಲೂ ಹಲವು ಗುಂಡು ನುಂಗುವುದರಿಂದ ನನ್ನ ಪಿಸ್ತೂಲಿನ ಮದ್ದುಗುಂಡು ಜಗಳದ ನಡುವೆಯೇ ಖಾಲಿ. ಸಾಲ್ವಡಾರ್‌ಗೆ ಆ ತೊಂದರೆಯಿಲ್ಲ. ಎರಡು ಗನ್ ಹಿಡಿದು ಅವನು ಉನ್ಮಾದಕ್ಕಿಳಿದಾಗ ಮದ್ದುಗುಂಡು ತಾನೇ ತುಂಬಿಕೊಳ್ಳುತ್ತ ಹೋಗುತ್ತದೆ, ಇನ್ನೊಂದು ಕೈಯಲ್ಲಿ ಸ್ಲ್ಯಾಗ್ ಗನ್ ಹಿಡಿಯಲೂ ಬರುತ್ತದೆ. ಐದನೆಯ ದಿನ ಹೆರಾಲ್ಡನ್ನು ತಮ್ಮನಿಗೆ ಕೊಟ್ಟೆ. "ಖರೇನ ಕೊಡ್ತೀಯೇನ?" ಎಂದು ಎರಡು ಸಲ ಕೇಳಿ ತೆಗೆದುಕೊಂಡ. ನನ್ನ ಮೊದಲ ಸ್ಲಾಟಿನಲ್ಲಿ ಈಗಲೂ ಇರುವುದು ಆ ನೀಲಿ ಸ್ಯಾಂಡ್ ಹಾಕ್, ಎರಡನೆಯದರಲ್ಲಿ ರೂಬಿ, ಮೂರನೆಯದರಲ್ಲಿ ಲೋಡರ್‌ಗಳಿಗೆಂದು ಆಸಿಡ್‌ನ ನೇರಳೆ ರೈಫಲ್. ನಾಲ್ಕನೆಯದರಲ್ಲಿ ವಾರಕ್ಕೊಂದು ಟೆಡಿಯೋರ್ ಬಂದು ಹೋಗುತ್ತಿರುತ್ತದೆ.