ಹಂಚಿನ ಮುಂದೆ ಕುಳಿತ ಪಾತ್ರ

ತಾಯಿ, ಅತ್ತೆ, ಪಕ್ಕದ ಮನೆಯಾಕೆ, ಈಗೀಗ ಅಜ್ಜಿ. ಸಿನಿಮಾ, ಧಾರಾವಾಹಿಗಳಲ್ಲಿ ನಾನು ಮಾಡಿದ ಪಾತ್ರಗಳು ಇಷ್ಟೇ. ಹುಬ್ಬಳ್ಳಿಯ ಮನೆ ಬಿಡದೆ, ರಾತ್ರಿ ರೈಲಿನಲ್ಲಿ ಬೆಂಗಳೂರಿಗೆ ಹೋಗಿ ಬಂದು ಮೂವತ್ತೈದು ವರ್ಷ ಕಳೆದಿವೆ. ಹೊಸದಾಗಿ ಬಂದ ಹುಡುಗಿಯರು, ‘ಇಷ್ಟು ವರ್ಷ ಹೇಗೆ ಉಳಿದಿರಿ ಅಮ್ಮಾ?’ ಎಂದು ಕೇಳುತ್ತಾರೆ.

ನಾನು ಹುಟ್ಟಿದ್ದು ಗದಗಿನಲ್ಲಿ, ಗರುಡ ಸದಾಶಿವರಾಯರು ನಾಟಕ ಕಂಪನಿ ಕಟ್ಟಿದ ಊರಿನಲ್ಲಿ. ನಾನು ಕಣ್ಣು ಬಿಡುವ ಹೊತ್ತಿಗೆ ಆ ವೈಭವ ಮುಗಿದಿತ್ತು. ಆದರೂ ಜಾತ್ರೆಗಳಿಗೆ ಕಂಪನಿಗಳು ಬರುತ್ತಿದ್ದವು. ಹದಿನಾಲ್ಕಕ್ಕೆ ನಾನೂ ಒಂದರಲ್ಲಿ ಸೇರಿಕೊಂಡೆ. ಬಾದಾಮಿಯ ಬನಶಂಕರಿ ಜಾತ್ರೆಯಲ್ಲಿ ಸಾಲಾಗಿ ಥಿಯೇಟರುಗಳು. ಪಕ್ಕದ ಕಂಪನಿಯ ಪೇಟಿ, ತಬಲಾದ ಸದ್ದು ದಾಟಿ ನಮ್ಮ ಕೊನೆಯ ಸಾಲಿನವರಿಗೆ ಮಾತು ಮುಟ್ಟಬೇಕು. ಗಂಟಲು ಗಟ್ಟಿಯಾದದ್ದು ಅಲ್ಲಿ.

ಆ ಗಂಟಲನ್ನು ಪಳಗಿಸಿದ್ದು ಧಾರವಾಡ ಆಕಾಶವಾಣಿಯ ರೇಡಿಯೋ ನಾಟಕಗಳು. ಗುಟ್ಟಿನ ಮಾತಿಗೆ ಮೈಕಿನ ಹತ್ತಿರ ಸರಿದು ಉಸಿರಿನಲ್ಲೇ ಹೇಳಬೇಕು. ದೂರದಿಂದ ಕೂಗಿದಂತೆ ಕೇಳಿಸಲು ಮುಖವನ್ನು ಪಕ್ಕಕ್ಕೆ ತಿರುಗಿಸಬೇಕು. ಹಾಳೆ ಸರಿಸುವಾಗ ಸಪ್ಪಳವಾಗಬಾರದು. ಡಬ್ಬಿಂಗಿಗೆ ಬೇಕಾದ ಪಾಠವೆಲ್ಲ ನನಗೆ ಅಲ್ಲೇ ಆಗಿತ್ತು.

1994ರಲ್ಲಿ ಉದಯ ಟಿವಿ ಬಂದ ಮೇಲೆ ಧಾರಾವಾಹಿಗಳ ಕೆಲಸ ಹೆಚ್ಚಿತು. ದಿನಕ್ಕೊಂದು ಕಂತು ಬೇಕಾದಾಗ ಸಂಭಾಷಣೆ ಸೆಟ್ಟಿನಲ್ಲೇ ಕೈಗೆ ಬರುತ್ತದೆ; ಸಹಾಯಕ ನಿರ್ದೇಶಕರು ಮರೆಯಲ್ಲಿ ನಿಂತು ಸಾಲು ಹೇಳಿಕೊಡುತ್ತಾರೆ. ಕಂಪನಿಯಲ್ಲೂ ಪ್ರಾಂಪ್ಟರ್ ಇದ್ದುದರಿಂದ ಅದು ನನಗೆ ಹೊಸದಾಗಿರಲಿಲ್ಲ. ಕಷ್ಟವಾದದ್ದು ನನಗೆ ಮಾತಿಲ್ಲದ ಹೊತ್ತು. ಪೋಷಕ ನಟಿಗೆ ಹೆಚ್ಚಿನ ಹೊತ್ತು ಅಂಥದ್ದೇ.

ಒಂದು ಸಿನಿಮಾದಲ್ಲಿ ಮಗ ಊರು ಬಿಡುವ ಸುದ್ದಿ ಹೇಳುತ್ತಾನೆ, ನಾನು ಒಲೆಯ ಮುಂದೆ ರೊಟ್ಟಿ ಮಾಡುತ್ತಿರುತ್ತೇನೆ. ಸೆಟ್ಟಿನಲ್ಲಿ ಲಟ್ಟಣಿಗೆ ಇಟ್ಟಿದ್ದರು. ‘ನಮ್ಮ ಕಡೆ ಜೋಳದ ರೊಟ್ಟಿಯನ್ನು ಕೈಯಲ್ಲೇ ಬಡಿಯುತ್ತಾರೆ’ ಎಂದು ಅದನ್ನು ತೆಗೆಸಿದೆ. ಎಸರಿಟ್ಟು ಹಿಟ್ಟು ನಾದಿ, ಒಂದೇ ಗಾತ್ರದ ಎಂಟು ಉಂಡೆ ಕಟ್ಟಿಟ್ಟುಕೊಂಡೆ. ಪ್ರತಿ ಟೇಕಿನಲ್ಲೂ ರೊಟ್ಟಿ ಅದೇ ಮಾತಿಗೆ ಅದೇ ಅಗಲಕ್ಕೆ ಬಂದಿರಬೇಕು, ಇಲ್ಲದಿದ್ದರೆ ಎಡಿಟಿಂಗಿನಲ್ಲಿ ಕೂಡುವುದಿಲ್ಲ. ಮಗ ‘ಅವ್ವಾ, ನಾಳೆ ಹೊರಡುತ್ತೇನೆ’ ಎಂದಾಗ ಬಡಿಯುವುದನ್ನು ನಿಲ್ಲಿಸಲಿಲ್ಲ, ಲಯ ಮಾತ್ರ ತಪ್ಪಿಸಿದೆ. ರೊಟ್ಟಿಯನ್ನು ಹಂಚಿಗೆ ಹಾಕಿದೆ. ಮೇಲೆ ನೀರು ಸವರುವ ಒದ್ದೆ ಬಟ್ಟೆ ಕೈಯಲ್ಲೇ ಉಳಿಯಿತು. ರೊಟ್ಟಿ ಒಣಗಿ ಅಂಚು ಬಿರಿಯಿತು. ಆಮೇಲೆ ನನಗೊಂದು ಮಾತು ಬರೆದಿದ್ದರು. ಅದು ಬೇಡವೆಂದು ನಾನೇ ಕೇಳಿಕೊಂಡೆ, ನಿರ್ದೇಶಕರು ಒಪ್ಪಿದರು.

ಎದುರಿನವರ ಕ್ಲೋಸಪ್ ತೆಗೆಯುವಾಗ ನಾನು ಕುರ್ಚಿಗೆ ಹೋಗಿ ಕೂರುವುದಿಲ್ಲ. ಕ್ಯಾಮೆರಾದ ಪಕ್ಕ ನಿಂತು ನನ್ನ ಮಾತನ್ನು ಪೂರ್ತಿ ದನಿಯಲ್ಲಿ ಹೇಳುತ್ತೇನೆ. ಆ ಹುಡುಗ ಅಳಬೇಕಾದದ್ದು ಅವ್ವನ ಮುಖ ನೋಡಿ. ಸಹಾಯಕರು ಓದುವ ಸಾಲು ಕೇಳಿ ಅಳು ಎಂದರೆ ಅವನಾದರೂ ಏನು ಮಾಡಿಯಾನು?

ಇನ್ನೊಂದು, ನೋಟ್‌ಬುಕ್. ಯಾವ ದೃಶ್ಯಕ್ಕೆ ಯಾವ ಸೀರೆ, ಸೆರಗು ಎಲ್ಲಿತ್ತು, ಎಡಗೈಯಲ್ಲಿ ಎಷ್ಟು ಬಳೆ, ಕುಂಕುಮ ಎಷ್ಟು ದೊಡ್ಡದು, ಎಲ್ಲವನ್ನೂ ಅಲ್ಲೇ ಬರೆದುಕೊಳ್ಳುತ್ತೇನೆ. ನಾಯಕಿಯ ಬಟ್ಟೆ ನೋಡಿಕೊಳ್ಳಲು ಜನರಿರುತ್ತಾರೆ, ನನ್ನಂಥವರು ಎಷ್ಟೋ ಸಲ ಮನೆಯ ಸೀರೆಯನ್ನೇ ಒಯ್ಯಬೇಕು. ಕೆಲಸದ ದಿನಗಳ ಲೆಕ್ಕವೂ ಅದೇ ಪುಸ್ತಕದಲ್ಲಿದೆ. ಒಬ್ಬ ನಿರ್ಮಾಪಕರು ಹನ್ನೊಂದು ದಿನದ ಸಂಭಾವನೆ ಬಾಕಿ ಉಳಿಸಿಕೊಂಡಾಗ, ತಾರೀಖು ಸಮೇತ ಹಾಳೆ ತೆರೆದು ತೋರಿಸಿದ ಮೇಲೆಯೇ ಹಣ ಕೈಗೆ ಬಂದದ್ದು.

ಬರುವ ಸೋಮವಾರ ಹಾವೇರಿ ಕಡೆಯ ಅಜ್ಜಿಯ ಪಾತ್ರವಿದೆ. ಪೆಟ್ಟಿಗೆಯಿಂದ ಹಳೆಯ ಇಳಕಲ್ ಸೀರೆ ತೆಗೆದು ಅದರ ಫಾಲ್ ಬಿಚ್ಚುತ್ತಿದ್ದೇನೆ. ಆ ಅಜ್ಜಿ ಫಾಲ್ ಹಚ್ಚಿದ ಸೀರೆ ಉಡುವವಳಲ್ಲ.